ಬಳೆ ಮಾರಿ ತಂದ ಕಂಪ್ಯೂಟರು ಬಟ್ಟೆ ಹೊದ್ದು ಕೂತಿತ್ತು!

ಮಕ್ಕಳಿಗೆ, ಮನೆಗೆ ಅಂತ ಒಂದು ಕಂಪ್ಯೂಟರ್ ತರುವ ಯೋಚನೆ ಇದೆಯಾ? ಅಂಗಡಿ ಮೆಟ್ಟಿಲು ಹತ್ತುವ ಮುನ್ನ ನಮ್ಮ ಮನೆಯ ನಾಲ್ವರು ಅಕ್ಕತಂಗಿಯರ ಕಥೆ ಕೇಳಿ. ಕಂಪ್ಯೂಟರ್ ಬದಲಾಗಿದೆ, ಬೆಲೆ ಬದಲಾಗಿದೆ. ನಾವು ಮಾಡಿದ ತಪ್ಪುಗಳು ಮಾತ್ರ ಇವತ್ತಿಗೂ ಹಾಗೇ ಇವೆ.

ಹೋದ ದಸರೆಗೆ ಚನ್ನಗಿರಿಯ ದೊಡ್ಡಕ್ಕನ ಮನೆಗೆ ಹೋಗಿದ್ದೆ. ಹಬ್ಬಕ್ಕೆ ಮುಂಚೆ ಮನೆ ತೊಳೆದು ಬಳಿಯುವ ಗದ್ದಲ. ಅಟ್ಟದ ಮೇಲಿಂದ ಹಿತ್ತಾಳೆ ಹಂಡೆ, ಕಾಲು ಮುರಿದ ತೊಟ್ಟಿಲು, ಹಳೇ ಟ್ರಂಕು ಎಲ್ಲಾ ಒಂದೊಂದಾಗಿ ಕೆಳಗಿಳಿದವು. ಅವುಗಳ ಜೊತೆ ಹಳದಿಗೆ ತಿರುಗಿದ ದೊಡ್ಡ ಮಾನಿಟರ್ ಮತ್ತು ಸಿಪಿಯು ಡಬ್ಬವೂ ಇಳಿದವು. ಮೇಲೆ ಅಕ್ಕನೇ ಕಸೂತಿ ಹಾಕಿದ ಬಟ್ಟೆ ಇನ್ನೂ ಇತ್ತು. ಸಿಪಿಯು ಹಣೆಯ ಮೇಲೆ ಯಾವುದೋ ಆಯುಧಪೂಜೆಯ ಕುಂಕುಮದ ಕಲೆ! ಗುಜರಿಯವನು ಅದನ್ನು ಆಚೆ ಈಚೆ ತಿರುಗಿಸಿ ನೋಡಿ, ‘ಎಲ್ಲಾ ಸೇರಿ ಮುನ್ನೂರು ಕೊಡ್ತೀನಮ್ಮ’ ಅಂದ.

ಅಕ್ಕ ಏನೂ ಮಾತಾಡಲಿಲ್ಲ. ಒಳಗೆ ಹೋಗಿ ಕಾಫಿಗೆ ಇಟ್ಟಳು. 1998ರಲ್ಲಿ ಅದೇ ಡಬ್ಬಕ್ಕೆ ಅವಳ ನಾಲ್ಕು ಬಳೆ ಹೋಗಿದ್ದವು.

ನಾವು ನಾಲ್ಕು ಜನ ಅಕ್ಕತಂಗಿಯರು. ತವರು ದಾವಣಗೆರೆ. ಒಬ್ಬಳನ್ನು ಚನ್ನಗಿರಿಗೆ, ಒಬ್ಬಳನ್ನು ಹೊನ್ನಾಳಿಗೆ, ಒಬ್ಬಳನ್ನು ನ್ಯಾಮತಿಗೆ ಕೊಟ್ಟರು. ಕೊನೆಯವಳಾದ ನಾನು ಜಗಳೂರಿಗೆ ಬಂದೆ. 1997ರ ಆಗಸ್ಟ್ 15ರಂದು ದಾವಣಗೆರೆ ಜಿಲ್ಲೆಯಾದಾಗ ನಾವು ನಾಲ್ವರೂ ಒಂದೇ ಜಿಲ್ಲೆಯ ಸೊಸೆಯಂದಿರಾದೆವು ಅಂತ ಅಮ್ಮ ನಗುತ್ತಿದ್ದರು. ಅದಾದ ನಾಲ್ಕು ವರ್ಷದೊಳಗೆ ನಾಲ್ಕೂ ಮನೆಗೆ ಕಂಪ್ಯೂಟರ್ ಬಂತು. ನಾಲ್ಕು ಮನೆಯಲ್ಲಿ ನಾಲ್ಕು ಥರದ ಪಾಠ ಕಲಿತೆವು.

ಏನಿದು ಮಲ್ಟಿಮೀಡಿಯಾ?

ಈಗಿನ ಮಕ್ಕಳಿಗೆ ಈ ಪದವೇ ಗೊತ್ತಿಲ್ಲ. ಆಗ ಮಾತ್ರ ಅದೊಂದು ಮಂತ್ರ. ಅದಕ್ಕೂ ಹಿಂದಿನ ಕಂಪ್ಯೂಟರ್ ಟೈಪ್ ಮಾಡುತ್ತಿತ್ತು, ಲೆಕ್ಕ ಮಾಡುತ್ತಿತ್ತು, ತಪ್ಪಾದರೆ ‘ಬೀಪ್’ ಅನ್ನುತ್ತಿತ್ತು, ಅಷ್ಟೇ. ಅದಕ್ಕೆ ಸಿಡಿ ಡ್ರೈವ್, ಸೌಂಡ್ ಕಾರ್ಡ್ ಮತ್ತು ಎರಡು ಸ್ಪೀಕರ್ ಸೇರಿಸಿದರೆ ಹಾಡು ಕೇಳಬಹುದು, ಚಿತ್ರ ನೋಡಬಹುದು. ಇದೇ ಮಲ್ಟಿಮೀಡಿಯಾ. ಎಷ್ಟೋ ಅಂಗಡಿಗಳಲ್ಲಿ ಈ ಮೂರನ್ನೂ ‘ಕಿಟ್’ ಅಂತ ಬೇರೆಯಾಗಿ ಮಾರುತ್ತಿದ್ದರು.

ಹೊರದೇಶದಲ್ಲಿ ಕಂಪನಿಗಳು ಸೇರಿ 1991ರಲ್ಲೇ ಮಲ್ಟಿಮೀಡಿಯಾ ಕಂಪ್ಯೂಟರ್ ಅಂದರೆ ಕನಿಷ್ಠ ಇಷ್ಟಾದರೂ ಇರಬೇಕು ಅಂತ ಒಂದು ಅಳತೆ ಗೊತ್ತು ಮಾಡಿದ್ದವು. ಎಷ್ಟು ಗೊತ್ತಾ? 2 ಎಂಬಿ ರ‍್ಯಾಮ್, 30 ಎಂಬಿ ಹಾರ್ಡ್‌ಡಿಸ್ಕ್! ಈಗ ಫೋನಿನಲ್ಲಿ ತೆಗೆದ ಒಂದೇ ಒಂದು ಫೋಟೊ ಎಷ್ಟೋ ಸಲ ಆ ರ‍್ಯಾಮಿಗಿಂತ ದೊಡ್ಡದಿರುತ್ತದೆ. 1995ರ ಆಗಸ್ಟ್‌ನಲ್ಲಿ ವಿಂಡೋಸ್ 95 ಬಂದ ಮೇಲೆ ಮನೆಮಂದಿಯೂ ಮೌಸ್ ಹಿಡಿಯುವ ಹಾಗಾಯಿತು. ಒಂದು ಸಿಡಿಯಲ್ಲಿ 650 ಎಂಬಿ ಹಿಡಿಸುತ್ತಿತ್ತು. ಅಂದರೆ ಸುಮಾರು 450 ಫ್ಲಾಪಿಗಳ ಸರಕು ಒಂದೇ ತಟ್ಟೆಯಲ್ಲಿ. ಎನ್‌ಕಾರ್ಟಾದಂಥ ವಿಶ್ವಕೋಶದ ಸಿಡಿ ಹಾಕಿ, ಆನೆ ಘೀಳಿಡುವ ಸದ್ದು ಕೇಳಿಸಿದರೆ ಸಾಕು, ಅಂಗಡಿಯಲ್ಲಿ ನಿಂತ ಅಪ್ಪ ಅಮ್ಮಂದಿರು ಕರಗಿಹೋಗುತ್ತಿದ್ದರು.

ಬೆಲೆ? ನಮ್ಮ ಕಡೆ ನಲವತ್ತೈದು ಸಾವಿರದಿಂದ ಅರವತ್ತು ಸಾವಿರ. ಆಗ ಹತ್ತು ಗ್ರಾಂ ಚಿನ್ನಕ್ಕೆ ನಾಲ್ಕು ಸಾವಿರದ ಆಸುಪಾಸು. ಒಂದು ಕಂಪ್ಯೂಟರ್ ಅಂದರೆ ಹನ್ನೊಂದು, ಹನ್ನೆರಡು ತೊಲ ಬಂಗಾರ! ಈ ಲೆಕ್ಕವನ್ನು ಆಗ ನಮ್ಮಲ್ಲಿ ಯಾರೂ ಹಾಕಲಿಲ್ಲ.

ಚನ್ನಗಿರಿ: ಚೀಟಿ ಮೇಲೆ ಬರೆದ ಬಿಲ್ಲು

ಅಕ್ಕನ ಮನೆಯಲ್ಲಿ ಅಡಿಕೆ ತೋಟ. ಕೊಯ್ಲಿನ ದುಡ್ಡು ಬರಲು ಇನ್ನೂ ನಾಲ್ಕು ತಿಂಗಳು ಬಾಕಿ. ಮಗ ಹತ್ತನೇ ಕ್ಲಾಸು, ಪಕ್ಕದ ಮನೆಗೆ ಆಗಲೇ ಕಂಪ್ಯೂಟರ್ ಬಂದಿದೆ. ‘ಈಗ ಬಳೆ ಕೊಡು, ಅಡಿಕೆ ಮಾರಿದ ಮೇಲೆ ಮಾಡಿಸೋಣ’ ಅಂದರು ಭಾವ. ಅಕ್ಕ ಕೊಟ್ಟಳು. ಚೀಟಿ ದುಡ್ಡು ಇಪ್ಪತ್ತೈದು ಸಾವಿರ, ಬಳೆಯದ್ದು ಇಪ್ಪತ್ತು ಸಾವಿರ, ಒಟ್ಟು ನಲವತ್ತೈದು ಸಾವಿರ ಹೊಂದಿಸಿಕೊಂಡು, ಕಾರು ಬಾಡಿಗೆಗೆ ತಗೊಂಡು ಹೋಗಿ ಕಂಪ್ಯೂಟರ್ ತಂದರು. ಮಾನಿಟರ್ ಕುಲುಕಬಾರದು ಅಂತ ಅಕ್ಕ ದಾರಿಯುದ್ದಕ್ಕೂ ತೊಡೆ ಮೇಲೆ ಇಟ್ಟುಕೊಂಡು ಕೂತಿದ್ದಳು.

‘233 ಮೆಗಾಹರ್ಟ್ಸ್ ಪೆಂಟಿಯಂ ಎಂಎಂಎಕ್ಸ್, 32 ಎಂಬಿ ರ‍್ಯಾಮ್’ ಅಂತ ಅಂಗಡಿಯವರು ಬಾಯಲ್ಲಿ ಹೇಳಿದ್ದರು. ಎಂಎಂಎಕ್ಸ್ ಅಂದರೆ ಅದೇ ಮಲ್ಟಿಮೀಡಿಯಾ ಅಂತ ಭಾವ ನಂಬಿದ್ದರು. ನಿಜ ಏನಂದರೆ, ಎಂಎಂಎಕ್ಸ್ ಅಂದರೆ ಚಿತ್ರ, ಧ್ವನಿಯ ಲೆಕ್ಕ ಬೇಗ ಮಾಡಲು ಇಂಟೆಲ್‌ನವರು 1997ರಲ್ಲಿ ಪ್ರೊಸೆಸರ್‌ಗೆ ಸೇರಿಸಿದ 57 ಹೊಸ ಸೂಚನೆಗಳು. ಸೌಂಡ್ ಕಾರ್ಡ್ ಇಲ್ಲದಿದ್ದರೆ ಎಂಎಂಎಕ್ಸ್ ಇದ್ದರೂ ಹಾಡು ಕೇಳಿಸುವುದಿಲ್ಲ!

ಎರಡು ತಿಂಗಳ ಮೇಲೆ ಎಂಜಿನಿಯರಿಂಗ್ ಓದುವ ನೆಂಟರ ಹುಡುಗ ಬಂದ. ‘ಮೈ ಕಂಪ್ಯೂಟರ್’ ಮೇಲೆ ರೈಟ್ ಕ್ಲಿಕ್ ಮಾಡಿ ನೋಡಿದವನೇ ‘ಇದರಲ್ಲಿ 16 ಎಂಬಿ ಮಾತ್ರ ಇದೆಯಲ್ಲ ದೊಡ್ಡಮ್ಮ’ ಅಂದ. ಅಂಗಡಿಗೆ ಫೋನ್ ಮಾಡಿದರೆ ‘ಬಿಲ್ಲಲ್ಲಿ ಏನಿದೆ ನೋಡಿ’ ಅಂದರು. ಬಿಲ್ಲು ಎಲ್ಲಿದೆ? ತೆರಿಗೆ ಉಳಿಯುತ್ತೆ ಅಂತ ಬಿಳಿ ಚೀಟಿ ಮೇಲೆ ‘ಕಂಪ್ಯೂಟರ್ ಒಂದು’ ಅಂತ ಬರೆಸಿಕೊಂಡು ಬಂದಿದ್ದರು. ಗ್ರಾಹಕರ ರಕ್ಷಣಾ ಕಾಯ್ದೆ 1986ರಿಂದಲೇ ಇತ್ತು. ಆದರೆ ಆ ಚೀಟಿ ಹಿಡಿದು ಯಾವ ಮುಖ ಇಟ್ಟುಕೊಂಡು ದೂರು ಕೊಡುವುದು?

ಇದಕ್ಕಿಂತ ದೊಡ್ಡ ವಿಷಯ ಇನ್ನೊಂದಿದೆ. ಆ ಕಂಪ್ಯೂಟರ್ ಮನೆಯಲ್ಲಿ ಆರು ವರ್ಷ ನಡೆಯಿತು. ದಿನಾ ಬೆಳಗ್ಗೆ ಅದರ ಧೂಳು ಒರೆಸಿ ಬಟ್ಟೆ ಹೊದಿಸುತ್ತಿದ್ದವಳು ಅಕ್ಕ. ಆನ್ ಮಾಡುವ ಗುಂಡಿ ಮಾತ್ರ ಒಂದು ದಿನವೂ ಒತ್ತಲಿಲ್ಲ. ‘ಕೆಟ್ಟುಹೋದ್ರೆ ಏನ್ಮಾಡ್ಲಿ?’ ಅನ್ನುತ್ತಿದ್ದಳು. ಬಳೆ ವಾಪಸ್ ಮಾಡಿಸುವುದು ಪ್ರತಿ ಕೊಯ್ಲಿಗೂ ಮುಂದಕ್ಕೆ ಹೋಯಿತು.

ಹೊನ್ನಾಳಿ: ಏಪ್ರಿಲ್ 26ರ ಸೋಮವಾರ

ಎರಡನೇ ಅಕ್ಕನ ಮನೆ ತುಂಗಭದ್ರೆ ದಂಡೆಯ ಹೊನ್ನಾಳಿಯಲ್ಲಿ. ಅವರದ್ದು ಗೊಬ್ಬರದ ಅಂಗಡಿ. ಸಾಲದ ಲೆಕ್ಕ ಇಡಲು ಅಂತಲೇ ಕಂಪ್ಯೂಟರ್ ತಂದರು. ಈ ಮನೆಯಲ್ಲಿ ಅದು ಅಲಂಕಾರಕ್ಕೆ ಇರಲಿಲ್ಲ. ಭಾವನವರು ಪ್ರತಿ ರಾತ್ರಿ ಕೂತು ಯಾರಿಗೆ ಎಷ್ಟು ಚೀಲ ಕೊಟ್ಟದ್ದು, ಎಷ್ಟು ಬಾಕಿ ಎಲ್ಲಾ ಏರಿಸುತ್ತಿದ್ದರು. ಒಂದು ವರ್ಷ ಆದ ಮೇಲೆ ಕೈಬರಹದ ಪುಸ್ತಕ ಬರೆಯುವುದನ್ನೇ ಬಿಟ್ಟರು.

ಮಕ್ಕಳು ಗೆಳೆಯರಿಂದ ಆಟದ ಸಿಡಿ ತರುತ್ತಿದ್ದರು. ಎಲ್ಲಾ ನಕಲು ಮಾಡಿದ ಸಿಡಿ. 1999ರ ಏಪ್ರಿಲ್ 26, ಸೋಮವಾರ ಬೆಳಗ್ಗೆ ಕಂಪ್ಯೂಟರ್ ಆನ್ ಮಾಡಿದರೆ ಕಪ್ಪು ತೆರೆ. ಎಷ್ಟು ಸಲ ಗುಂಡಿ ಒತ್ತಿದರೂ ಅಷ್ಟೇ. ‘ಚೆರ್ನೊಬಿಲ್’ ಅನ್ನುವ ಅಡ್ಡಹೆಸರಿನ ಸಿಐಎಚ್ ವೈರಸ್ ಜಗತ್ತಿನಾದ್ಯಂತ ಸಿಡಿದ ದಿನ ಅದು. 1986ರ ಅದೇ ತಾರೀಖಿನಂದು ಚೆರ್ನೊಬಿಲ್ ಅಣುಸ್ಥಾವರ ದುರಂತ ನಡೆದಿತ್ತು, ಅದಕ್ಕೇ ಆ ಹೆಸರು. ವಿಂಡೋಸ್ 95, 98 ಇದ್ದ ಕಂಪ್ಯೂಟರ್‌ಗಳೊಳಗೆ ತಿಂಗಳುಗಟ್ಟಲೆ ಸುಮ್ಮನೆ ಕೂತಿದ್ದ ಅದು ಆ ದಿನ ಹಾರ್ಡ್‌ಡಿಸ್ಕಿನ ಮೊದಲ ಭಾಗವನ್ನೇ ಅಳಿಸಿಹಾಕಿತು. ಕೆಲವು ಕಂಪ್ಯೂಟರ್‌ಗಳಲ್ಲಿ ಮದರ್‌ಬೋರ್ಡಿನ ಚಿಪ್ ಕೂಡ ಕೆಟ್ಟಿತು. ನಕಲಿ ಸಿಡಿಗಳ ಹಾವಳಿ ಇದ್ದ ಏಷ್ಯಾದ ದೇಶಗಳಿಗೆ ಬಿದ್ದ ಹೊಡೆತ ಜೋರು.

ನಮ್ಮ ಅಕ್ಕನ ಮನೆಗೆ ಅಳಿದುಹೋದದ್ದು ಒಂದು ವರ್ಷದ ಉದ್ದರಿ ಲೆಕ್ಕ. ಮುಂಗಾರಿಗೆ ಮುಂಚೆ ವಸೂಲಿ ಮಾಡುವ ಹೊತ್ತು ಬೇರೆ. ಪಾಪ, ಎಷ್ಟೋ ಜನ ತಾವಾಗೇ ಬಂದು ‘ನಮ್ದು ಇಷ್ಟಿದೆ ಸ್ವಾಮಿ’ ಅಂತ ಕೊಟ್ಟು ಹೋದರು. ಬರದೇ ಹೋದವರೂ ಇದ್ದರು. ಆ ಇಡೀ ಲೆಕ್ಕ 1.44 ಎಂಬಿಯ ಒಂದೇ ಒಂದು ಫ್ಲಾಪಿಯಲ್ಲಿ ಹಿಡಿಯುತ್ತಿತ್ತು. ವಾರಕ್ಕೊಮ್ಮೆ ಅದಕ್ಕೆ ನಕಲು ಮಾಡಿ ಬೀರುವಿನಲ್ಲಿ ಇಡಲು ಐದು ನಿಮಿಷ ಸಾಕಿತ್ತು.

ನ್ಯಾಮತಿ: ಸಿಡಿಲು ಮತ್ತು ಒಂದು ಗಂಟೆ

ನ್ಯಾಮತಿ ಆಗಿನ್ನೂ ಹೊನ್ನಾಳಿ ತಾಲ್ಲೂಕಿಗೆ ಸೇರಿತ್ತು. ಪ್ರತ್ಯೇಕ ತಾಲ್ಲೂಕಾಗಿದ್ದು ಎಷ್ಟೋ ವರ್ಷದ ಮೇಲೆ. ಮೂರನೇ ಅಕ್ಕನ ಮನೆಗೆ 2000ದಲ್ಲಿ ಕಂಪ್ಯೂಟರ್ ಬಂತು, ಜೊತೆಗೆ ಇಂಟರ್ನೆಟ್ಟೂ ಬಂತು. ದೇಶದಲ್ಲಿ ಸಾರ್ವಜನಿಕರಿಗೆ ಇಂಟರ್ನೆಟ್ ಸಿಕ್ಕಿದ್ದು 1995ರ ಆಗಸ್ಟ್‌ನಲ್ಲಿ, ಅದೂ ಕೆಲವೇ ಮಹಾನಗರಗಳಲ್ಲಿ. ಖಾಸಗಿ ಕಂಪನಿಗಳಿಗೆ ಅವಕಾಶ ಸಿಕ್ಕಿದ್ದು 1998ರಲ್ಲಿ. ಸಣ್ಣ ಊರಿನವರು ಮನೆ ಫೋನಿನ ತಂತಿಯನ್ನೇ ಮೋಡೆಮ್‌ಗೆ ಚುಚ್ಚಿ, ಅದು ಕೀಂಯ್ ಕರ್ ಅಂತ ಕೂಗುವುದನ್ನು ಕೇಳುತ್ತಾ ಕೂರಬೇಕಿತ್ತು. ಒಂದು ಹಾಡು ಇಳಿಯಲು ಹದಿನೈದು ಇಪ್ಪತ್ತು ನಿಮಿಷ. ಅಷ್ಟೊತ್ತೂ ಮನೆಗೆ ಫೋನ್ ಮಾಡಿದವರಿಗೆ ಎಂಗೇಜ್ ಟೋನು. ತಿಂಗಳ ಕೊನೆಗೆ ಬಿಲ್ಲು ನೋಡಿ ಭಾವನಿಗೆ ತಲೆ ಸುತ್ತು!

ಮರುವರ್ಷ ಭರಣಿ ಮಳೆಯ ಹೊತ್ತಿನಲ್ಲಿ ಒಂದು ಸಂಜೆ ಜೋರು ಸಿಡಿಲು. ಅಕ್ಕ ಓಡಿ ಹೋಗಿ ಕರೆಂಟಿನ ಪ್ಲಗ್ ಕಿತ್ತಿದ್ದಳು. ಆದರೂ ಮೋಡೆಮ್, ಮದರ್‌ಬೋರ್ಡ್ ಎರಡೂ ಸುಟ್ಟವು. ಯಾಕೆ ಗೊತ್ತಾ? ಫೋನಿನ ತಂತಿ ಹಾಗೇ ಇತ್ತು. ಸಿಡಿಲಿನ ಹೊಡೆತ ಕಂಬದ ತಂತಿಯಿಂದಷ್ಟೇ ಅಲ್ಲ, ಹೊರಗಿನಿಂದ ಮನೆಯೊಳಗೆ ಬರುವ ಯಾವ ತಾಮ್ರದ ತಂತಿಯಿಂದಲೂ ಬರುತ್ತದೆ. ಕೇಬಲ್ ಟಿವಿ ತಂತಿಗೂ ಇದೇ ಮಾತು.

ಆದರೆ ನ್ಯಾಮತಿಯ ಮನೆಯಲ್ಲಿ ನಿಜವಾದ ನಷ್ಟ ಸಿಡಿಲಿನಿಂದ ಆಗಿದ್ದಲ್ಲ. ಅಲ್ಲಿ ಇಬ್ಬರು ಮಕ್ಕಳು, ಮಗ ಮತ್ತು ಅವನಿಗಿಂತ ಎರಡು ವರ್ಷ ದೊಡ್ಡ ಮಗಳು. ಕಂಪ್ಯೂಟರ್ ಮಗನ ಕೋಣೆಯಲ್ಲಿತ್ತು. ‘ಅಮ್ಮಾ, ದಿನಾ ಒಂದೇ ಗಂಟೆ ಕೂರ್ತೀನಿ’ ಅಂತ ಮಗಳು ಕೇಳುತ್ತಿದ್ದಳು. ‘ಅವನು ಓದ್ಕೋತಿದಾನೆ, ನೀನು ಪಾತ್ರೆ ತೊಳಿ’ ಅನ್ನುತ್ತಿದ್ದಳು ನಮ್ಮಕ್ಕ. ಓದ್ಕೋತಿದ್ದವನು ಒಳಗೆ ಕಾರ್ ರೇಸ್ ಆಡುತ್ತಿದ್ದ! ಆ ಮಗಳು ಮದುವೆಯಾಗಿ, ಮಗುವಾದ ಮೇಲೆ ಇಪ್ಪತ್ತಾರನೇ ವಯಸ್ಸಿಗೆ ಫೀಸು ಕಟ್ಟಿ ಕಂಪ್ಯೂಟರ್ ಕ್ಲಾಸಿಗೆ ಸೇರಿದಳು. ‘ಮನೆಯಲ್ಲೇ ಇದ್ದದ್ದನ್ನ ದುಡ್ಡು ಕೊಟ್ಟು ಕಲಿತೆ ಚಿಕ್ಕಮ್ಮ’ ಅಂತ ಈಗಲೂ ಹೇಳುತ್ತಾಳೆ. ನಗುತ್ತಲೇ ಹೇಳುತ್ತಾಳೆ. ಅವಳಮ್ಮ ಮಾತ್ರ ಆಗ ಎದ್ದು ಒಳಗೆ ಹೋಗುತ್ತಾಳೆ.

ಜಗಳೂರು: ಒಂದು ಕೊಡ ನೀರು, ಹಾಲಿನ ಲೆಕ್ಕ

ಕೊನೆಗೆ ನಮ್ಮ ಮನೆ. ಜಗಳೂರು ಅಂದರೆ ಬಯಲುಸೀಮೆ. ಬೇಸಿಗೆಯಲ್ಲಿ ಧೂಳು, ಹೇಳದೆ ಕೇಳದೆ ಹೋಗುವ ಕರೆಂಟು. 2001ರಲ್ಲಿ ಕಂಪ್ಯೂಟರ್ ತಂದ ಹೊಸದರಲ್ಲಿ ಡಬ್ಬ ಮುಟ್ಟಿದರೆ ಸಣ್ಣಗೆ ಶಾಕ್ ಹೊಡೆಯುತ್ತಿತ್ತು. ಕಂಪ್ಯೂಟರ್ ಕೆಟ್ಟಿದೆ ಅಂದುಕೊಂಡೆವು. ಬಂದು ನೋಡಿದ ಎಲೆಕ್ಟ್ರೀಷಿಯನ್ ‘ಕಂಪ್ಯೂಟರ್ ಸರಿ ಇದೆ ಮೇಡಂ, ನಿಮ್ಮ ಮನೆ ಅರ್ತಿಂಗೇ ಸರಿ ಇಲ್ಲ’ ಅಂದ. ಹಿತ್ತಲಲ್ಲಿ ಗುಂಡಿ ತೋಡಿ ಇದ್ದಿಲು, ಉಪ್ಪು ತುಂಬಿ ಅರ್ತಿಂಗ್ ಮಾಡಿಸಿದೆವು. ಮಣ್ಣು ಒಣಗಿದರೆ ಅರ್ತಿಂಗ್ ಕೆಲಸ ಮಾಡುವುದಿಲ್ಲ, ಬೇಸಿಗೆಯಲ್ಲಿ ಆಗಾಗ ಒಂದು ಕೊಡ ನೀರು ಸುರಿಯಿರಿ ಅಂದ. ತುಳಸಿಗೆ ನೀರು ಹಾಕುವಾಗ ಅದಕ್ಕೂ ಹಾಕುವುದು ನನಗೆ ರೂಢಿಯಾಯಿತು.

ನನಗೆ ಕಂಪ್ಯೂಟರ್ ಕಲಿಸಿದ್ದು ಹಾಲಿನ ಲೆಕ್ಕ! ಗೋಡೆ ಕ್ಯಾಲೆಂಡರಿನಲ್ಲಿ ಬರೆಯುತ್ತಿದ್ದ ಹಾಲಿನ ಲೆಕ್ಕವನ್ನು ಮಗಳು ಒಂದು ದಿನ ಎಕ್ಸೆಲ್ ಹಾಳೆಯಲ್ಲಿ ಹಾಕಿ ತೋರಿಸಿದಳು. ಅಂಕಿ ಬರೆದರೆ ಸಾಕು, ಕೂಡುವುದು ಅದರ ಕೆಲಸ. ಆ ತಿಂಗಳು ಹಾಲಿನವನ ಲೆಕ್ಕಕ್ಕೂ ನಮ್ಮ ಲೆಕ್ಕಕ್ಕೂ ನಾಲ್ಕು ಲೀಟರ್ ವ್ಯತ್ಯಾಸ ಬಂತು. ಅವನೂ ನೋಡಿ ಒಪ್ಪಿಕೊಂಡ. ಅವತ್ತಿನಿಂದ ನನಗೆ ಕಂಪ್ಯೂಟರ್ ಭಯ ಹೋಯಿತು.

ಆಮೇಲೆ ಕನ್ನಡ ಟೈಪಿಂಗ್. ಆ ವರ್ಷಗಳಲ್ಲಿ ಕನ್ನಡಕ್ಕೆ ಎರಡು ಹೆಸರು ಮನೆಮಾತಾಗಿದ್ದವು. ಒಂದು, ಶೇಷಾದ್ರಿವಾಸು ಅವರು 1998ರಲ್ಲಿ ಹೊರತಂದ ‘ಬರಹ’. ಇನ್ನೊಂದು, ಕನ್ನಡ ಗಣಕ ಪರಿಷತ್ತಿನ ‘ನುಡಿ’. ನುಡಿಯ ಕೀಲಿಮಣೆಗೆ ಮೂಲ ಕೆ.ಪಿ. ರಾವ್ ಅವರ ವಿನ್ಯಾಸ. ಇಂಗ್ಲಿಷಿನ ‘ಕೆ’ ಒತ್ತಿದರೆ ಕ, ಶಿಫ್ಟ್ ಜೊತೆ ಒತ್ತಿದರೆ ಖ. ಒತ್ತಕ್ಷರ ಬೇಕೆಂದರೆ ನಡುವೆ ‘ಎಫ್’. ‘ಅಕ್ಕ’ ಅಂತ ಬರೆಯಲು ಎ, ಕೆ, ಎಫ್, ಕೆ, ನಾಲ್ಕೇ ಕೀಲಿ. ದಿನಕ್ಕೆ ಅರ್ಧ ಗಂಟೆಯಂತೆ ಒಂದು ತಿಂಗಳಲ್ಲಿ ಕಲಿತೆ. 2001ರಲ್ಲೇ ಬಂದ ವಿಂಡೋಸ್ ಎಕ್ಸ್‌ಪಿಯಲ್ಲಿ ಒಂದು ಕನ್ನಡ ಅಕ್ಷರಶೈಲಿ ಜೊತೆಗೇ ಬರುತ್ತಿತ್ತು. ಅದರ ಹೆಸರು ‘ತುಂಗಾ’! ಹೊನ್ನಾಳಿ ಅಕ್ಕನಿಗೆ ಹೇಳಿದರೆ ‘ನಮ್ಮ ಹೊಳೆ ಕಂಪ್ಯೂಟರೊಳಗೂ ಹರೀತಾ?’ ಅಂತ ನಕ್ಕಳು.

ಈಗ ಕೊಳ್ಳುವವರು ಏನು ನೋಡಬೇಕು?

ಫೋನ್ ಇರುವಾಗ ಕಂಪ್ಯೂಟರ್ ಯಾಕೆ ಅಂತ ಕೇಳಬಹುದು. ಕರೆಂಟ್ ಬಿಲ್ ಕಟ್ಟಲು, ವಿಡಿಯೊ ನೋಡಲು ಫೋನೇ ಸಾಕು. ಆದರೆ ಹತ್ತು ಪುಟದ ಪ್ರಾಜೆಕ್ಟ್ ವರದಿ, ಉದ್ದದ ಅರ್ಜಿ, ಲೆಕ್ಕದ ಹಾಳೆ, ಕೋಡಿಂಗ್ ಇವಕ್ಕೆಲ್ಲ ದೊಡ್ಡ ತೆರೆ, ಕೀಲಿಮಣೆ ಬೇಕೇ ಬೇಕು. 2020ರಲ್ಲಿ ಕೊರೊನಾ ಬಂದು ಶಾಲೆ ಮುಚ್ಚಿದಾಗ ಒಂದೇ ಫೋನಿಗೆ ಮೂರು ಮಕ್ಕಳು ಕಾದಾಡಿದ್ದು ಯಾರಿಗೆ ಮರೆತಿದೆ ಹೇಳಿ?

ಅಂಗಡಿಗೆ ಹೋಗುವ ಮೊದಲು ಮನೆಯಲ್ಲಿ ಕೂತು ಒಂದು ಹಾಳೆ ಮೇಲೆ ಬರೆಯಿರಿ: ಯಾರು ಕೂರುತ್ತಾರೆ, ಯಾವ ಕೆಲಸಕ್ಕೆ, ದಿನಕ್ಕೆ ಎಷ್ಟು ಹೊತ್ತು? ಆ ಪಟ್ಟಿಯಲ್ಲಿ ಮಗಳ ಹೆಸರು ಇದೆಯಾ? ನಿಮ್ಮ ಹೆಸರು ಇದೆಯಾ? ಇಲ್ಲದಿದ್ದರೆ ಮೊದಲು ಅದನ್ನು ಸೇರಿಸಿ. ಉಳಿದದ್ದು ಹೀಗೆ:

• ಲ್ಯಾಪ್‌ಟಾಪೋ, ಡೆಸ್ಕ್‌ಟಾಪೋ? ಕರೆಂಟ್ ಪದೇ ಪದೇ ಹೋಗುವ ಊರಾದರೆ ಲ್ಯಾಪ್‌ಟಾಪ್ ವಾಸಿ, ಅದಕ್ಕೆ ಸ್ವಂತ ಬ್ಯಾಟರಿ ಇದೆ. ಒಂದೇ ಜಾಗದಲ್ಲಿ ಇಡೀ ಮನೆಯವರು ಬಳಸುವುದಾದರೆ ಡೆಸ್ಕ್‌ಟಾಪ್ ಒಳ್ಳೆಯದು, ರಿಪೇರಿ ಸುಲಭ. ಆದರೆ ಯುಪಿಎಸ್ ಖರ್ಚನ್ನೂ ಸೇರಿಸಿ ಲೆಕ್ಕ ಹಾಕಿ.

• ವಿಂಡೋಸ್ 11ಕ್ಕೆ ಕನಿಷ್ಠ 4 ಜಿಬಿ ರ‍್ಯಾಮ್ ಸಾಕು ಅಂತ ಕಂಪನಿಯೇ ಹೇಳುತ್ತದೆ. ಆದರೆ ಅಷ್ಟಕ್ಕೇ ನಿಂತರೆ ಎತ್ತಿನಗಾಡಿ. 8 ಜಿಬಿಗೆ ಕಡಿಮೆ ಬೇಡ, ಎಂಜಿನಿಯರಿಂಗ್ ಓದುವವರಿಗೆ 16 ಇರಲಿ. ಹಳೇ ಮಾದರಿ ಹಾರ್ಡ್‌ಡಿಸ್ಕ್ ಬದಲು ಎಸ್‌ಎಸ್‌ಡಿ ಇರಲಿ, 256 ಜಿಬಿಗೆ ಕಡಿಮೆ ಬೇಡ.

• ಸೆಕೆಂಡ್ ಹ್ಯಾಂಡ್ ತಗೊಳ್ತೀರಾ? ವಿಂಡೋಸ್ 10ಕ್ಕೆ ಕಂಪನಿಯ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿದಿದೆ. ಆ ಯಂತ್ರ ವಿಂಡೋಸ್ 11ಕ್ಕೆ ಒಗ್ಗುತ್ತದಾ ಕೇಳಿ. ಒಗ್ಗದಿದ್ದರೆ ಉಚಿತವಾಗಿ ಸಿಗುವ ಲಿನಕ್ಸ್ ಹಾಕಿಸಿಕೊಳ್ಳಬಹುದು.

• ಅಂಗಡಿಯಲ್ಲೇ ಆನ್ ಮಾಡಿಸಿ. ಸೆಟ್ಟಿಂಗ್ಸ್, ಸಿಸ್ಟಮ್, ಅಬೌಟ್ ಒತ್ತಿದರೆ ಪ್ರೊಸೆಸರ್ ಯಾವುದು, ರ‍್ಯಾಮ್ ಎಷ್ಟು ಎಲ್ಲಾ ತೆರೆ ಮೇಲೆ ಬರುತ್ತದೆ. ಮೂರು ಕ್ಲಿಕ್ಕಿನ ಕೆಲಸ. ನಮ್ಮ ಅಕ್ಕನಿಗೆ ಇದೊಂದು ಗೊತ್ತಿದ್ದಿದ್ದರೆ!

• ಬಿಲ್ಲಿನಲ್ಲಿ ಮಾದರಿ, ಸೀರಿಯಲ್ ನಂಬರ್, ಅಂಗಡಿಯ ಜಿಎಸ್‌ಟಿ ಸಂಖ್ಯೆ ಇರಲೇಬೇಕು. ಕಂಪ್ಯೂಟರ್ ಮೇಲೆ ಶೇ 18 ಜಿಎಸ್‌ಟಿ ಇದೆ. ಅದನ್ನು ಉಳಿಸಿಕೊಡ್ತೀವಿ ಅಂದರೆ ನಿಮ್ಮ ವಾರಂಟಿ, ದೂರು ಕೊಡುವ ಹಕ್ಕು ಎರಡನ್ನೂ ಕಳೀತೀವಿ ಅಂತಲೇ ಅರ್ಥ.

• ವಾರಂಟಿ ಇದ್ದರೆ ಮನೆಗೆ ಬಂದು ರಿಪೇರಿ ಮಾಡ್ತಾರಾ, ನಾವೇ ಹೊತ್ತು ಹೋಗಬೇಕಾ? ಹತ್ತಿರದ ಸರ್ವಿಸ್ ಸೆಂಟರ್ ಯಾವ ಊರಲ್ಲಿದೆ? ನಮ್ಮಂಥ ತಾಲ್ಲೂಕಿನವರು ಇದನ್ನು ಮೊದಲೇ ಕೇಳಬೇಕು.

• ಮೋಸ ಆಯಿತಾ? ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿ. ಅಲ್ಲೂ ಬಗೆಹರಿಯದಿದ್ದರೆ ಜಿಲ್ಲಾ ಗ್ರಾಹಕರ ಆಯೋಗವಿದೆ. 2019ರ ಕಾಯ್ದೆಯಂತೆ ನೀವು ವಾಸವಿರುವ ಜಿಲ್ಲೆಯಲ್ಲೇ ದೂರು ಕೊಡಬಹುದು, ಅಂಗಡಿ ಬೆಂಗಳೂರಿನಲ್ಲಿದ್ದರೂ ಸರಿ. ಐದು ಲಕ್ಷದವರೆಗಿನ ಖರೀದಿಗೆ ಶುಲ್ಕವಿಲ್ಲ. ಎರಡು ವರ್ಷದೊಳಗೆ ಕೊಡಬೇಕು.

• ಮುಖ್ಯವಾದ ಕಡತ, ಫೋಟೊಗಳ ಇನ್ನೊಂದು ಪ್ರತಿ ಪೆನ್‌ಡ್ರೈವಿನಲ್ಲೋ ಹೊರಗಿನ ಡಿಸ್ಕಿನಲ್ಲೋ ಇರಲಿ. ಹೊನ್ನಾಳಿಯ ಏಪ್ರಿಲ್ 26 ನೆನಪಿರಲಿ.

• ಗುಡುಗು ಶುರುವಾದರೆ ಕರೆಂಟಿನ ಪ್ಲಗ್ ಜೊತೆಗೆ ಇಂಟರ್ನೆಟ್ ತಂತಿಯನ್ನೂ ಕೀಳಿ.

ಚಿನ್ನ ಅಡ ಇಡಬೇಡಿ

ಇದನ್ನು ಮಾತ್ರ ಒತ್ತಿ ಹೇಳುತ್ತೇನೆ. 2025ರಲ್ಲಿ ಹತ್ತು ಗ್ರಾಂ ಚಿನ್ನದ ಬೆಲೆ ಒಂದು ಲಕ್ಷ ದಾಟಿತು. ಈಗ ಓದುವ ಮಕ್ಕಳಿಗೆ ಸಾಕಾಗುವ ಸಾಧಾರಣ ಲ್ಯಾಪ್‌ಟಾಪ್ ಅರ್ಧ ತೊಲದ ದುಡ್ಡಿಗೇ ಬರುತ್ತದೆ. ಅಂದಮೇಲೆ ಅರ್ಧ ತೊಲ ಮಾರಿದರಾಯಿತು ಅನ್ನಬೇಡಿ. ಕಂಪ್ಯೂಟರ್ ಅಂಗಡಿಯಿಂದ ಮನೆ ಬಾಗಿಲಿಗೆ ಬರುವಷ್ಟರಲ್ಲಿ ಬೆಲೆ ಇಳಿಯುವ ವಸ್ತು. ಐದಾರು ವರ್ಷಕ್ಕೆ ಹಳತು. ಬಳೆ ಹಾಗಲ್ಲ. ಸ್ವಲ್ಪ ಸ್ವಲ್ಪ ಕೂಡಿಟ್ಟು ತಗೊಳ್ಳಿ, ಇಲ್ಲವೇ ಕಂತಿನಲ್ಲಿ ತಗೊಳ್ಳಿ. ‘ಬಡ್ಡಿ ಇಲ್ಲ’ ಅಂದವರನ್ನು ಪ್ರೊಸೆಸಿಂಗ್ ಶುಲ್ಕ ಎಷ್ಟು ಅಂತ ಕೇಳಿ. ಇದ್ದ ಒಡವೆ ಇರಲಿ.

ಎಲ್ಲಿ ಇಡಬೇಕು?

ನಡುಮನೆಯಲ್ಲಿ. ಒಬ್ಬರ ಕೋಣೆಗೆ ಹೋದ ಕಂಪ್ಯೂಟರ್ ಒಬ್ಬರ ಸ್ವತ್ತಾಗಿಬಿಡುತ್ತದೆ. ಊಟದ ಮನೆ ಪಕ್ಕದ ಮೇಜಿನ ಮೇಲಿದ್ದರೆ ಮಕ್ಕಳು ಏನು ನೋಡುತ್ತಾರೆ ಅಂತ ತಿಳಿಯುತ್ತದೆ, ನಿಮ್ಮ ಕೈಗೂ ಸಿಗುತ್ತದೆ. ವಿಂಡೋಸಿನಲ್ಲಿ ಒಂದೇ ಕಂಪ್ಯೂಟರಿಗೆ ಮನೆಯವರೆಲ್ಲರಿಗೂ ಬೇರೆ ಬೇರೆ ಹೆಸರು, ಪಾಸ್‌ವರ್ಡ್ ಇಡಬಹುದು. ಗಂಡುಮಗನಿಗೆ ಒಂದು ಗಂಟೆ ಅಂದರೆ ಹೆಣ್ಣುಮಗಳಿಗೂ ಒಂದು ಗಂಟೆ. ಮಧ್ಯಾಹ್ನ ಎಲ್ಲರೂ ಹೊರಗೆ ಹೋದ ಮೇಲಿನ ಅರ್ಧ ಗಂಟೆ ನಿಮ್ಮದು. ಧಾರಾವಾಹಿ ನಾಳೆಯೂ ಬರುತ್ತೆ ಬಿಡಿ!

ಇದರಿಂದ ಏನು ಸಿಗುತ್ತದೆ? ಮಗಳ ಕಾಲೇಜು ಅರ್ಜಿ, ಸರ್ಕಾರದ ಸೌಲಭ್ಯ ಎಲ್ಲಕ್ಕೂ ಸೈಬರ್ ಅಂಗಡಿ ಮುಂದೆ ಆಧಾರ್ ಪ್ರತಿ ಹಿಡಿದು ನಿಲ್ಲುತ್ತೇವೆ. ಬಂದ ಒಟಿಪಿಯನ್ನು ಗೊತ್ತಿಲ್ಲದವರಿಗೆ ಜೋರಾಗಿ ಓದಿ ಹೇಳುತ್ತೇವೆ. ಮನೆಯಲ್ಲೇ ಮಾಡಿಕೊಂಡರೆ ನಮ್ಮ ಕಾಗದ ನಮ್ಮಲ್ಲೇ ಉಳಿಯುತ್ತದೆ. ಆದರೂ ಎಚ್ಚರ ಇರಲಿ, ಬ್ಯಾಂಕಿನವರು ಅಂತ ಯಾರಾದರೂ ಫೋನ್ ಮಾಡಿ ಒಟಿಪಿ ಕೇಳಿದರೆ ಕೊಡಬೇಡಿ. ಹಣ ಹೋಗಿಯೇಬಿಟ್ಟರೆ ತಡಮಾಡದೆ 1930ಕ್ಕೆ ಕರೆ ಮಾಡಿ.

ಅಕ್ಕನ ಪಹಣಿ

ಮತ್ತೆ ಚನ್ನಗಿರಿಗೆ ಬರೋಣ. ಆ ಹಳೇ ಮಾನಿಟರನ್ನು ಅಕ್ಕ ಗುಜರಿಗೆ ಕೊಡಲಿಲ್ಲ. ಅಂಥ ಮಾನಿಟರಿನ ಗಾಜಿನಲ್ಲಿ ಸೀಸ ಇರುತ್ತದೆ, ಒಡೆದು ಬಿಸಾಡಬಾರದು. ಇ-ತ್ಯಾಜ್ಯ ತಗೊಳ್ಳಲು ಅನುಮತಿ ಇರುವವರಿಗೇ ಕೊಡೋಣ ಅಂತ ಹೇಳಿದೆ. ಕಸೂತಿ ಬಟ್ಟೆ ಮಾತ್ರ ಒಗೆದು ಮಡಿಸಿಟ್ಟಳು.

ಈ ವರ್ಷ ಅವಳ ಮೊಮ್ಮಗಳು ಡಿಗ್ರಿಗೆ ಸೇರಿದಳು. ಮನೆಗೆ ಲ್ಯಾಪ್‌ಟಾಪ್ ಬಂತು. ಈ ಸಲ ಅಕ್ಕನೂ ಅಂಗಡಿಗೆ ಹೋಗಿದ್ದಳು. ಸೀರಿಯಲ್ ನಂಬರ್ ಬರೆಸಿಕೊಂಡವಳು ಅವಳೇ. ಮನೆಗೆ ಬಂದು ಎಲ್ಲಾ ಜೋಡಿಸಿದ ಮೇಲೆ ‘ಇದರಲ್ಲಿ ನನ್ನ ಹೆಸರಲ್ಲೂ ಒಂದು ತೆಗೀರಿ’ ಅಂದಳಂತೆ. ಪಾಸ್‌ವರ್ಡ್ ಯಾರಿಗೂ ಹೇಳಿಲ್ಲ!

ಕೈಬರಹದ ಪಹಣಿ ನಿಂತು, ಭೂಮಿ ಯೋಜನೆಯಲ್ಲಿ ಕಂಪ್ಯೂಟರ್ ಪಹಣಿ ಬಂದದ್ದು 2001-02ರ ಹೊತ್ತಿಗೆ. ಆಗಿನಿಂದಲೂ ಪಹಣಿ ತರುವುದು ಭಾವನ ಕೆಲಸ. ಮೊನ್ನೆ ಅಕ್ಕ ಫೋನ್ ಮಾಡಿದ್ದಳು. ಮೊಮ್ಮಗಳು ಪಕ್ಕದಲ್ಲಿ ಕೂತು ಹೇಳಿಕೊಟ್ಟಳಂತೆ, ಜಿಲ್ಲೆ, ತಾಲ್ಲೂಕು, ಹೋಬಳಿ, ಗ್ರಾಮ, ಸರ್ವೆ ನಂಬರ್ ಎಲ್ಲಾ ತಾನೇ ಆರಿಸಿದಳಂತೆ. ‘ತೋಟದ ನನ್ನ ಪಾಲಿನ ಪಹಣಿ ನಾನೇ ತೆಗೆದೆ ಕಣೇ. ನನ್ನ ಹೆಸರು ಸರಿಯಾಗೇ ಬರೆದಿದಾರೆ’ ಅಂದಳು. ಅರವತ್ತೈದು ದಾಟಿದ ಅವಳ ದನಿಯಲ್ಲಿ ಅಂಥ ಖುಷಿ ನಾನು ಕೇಳಿ ಎಷ್ಟೋ ವರ್ಷವಾಗಿತ್ತು.

ನಿಮ್ಮ ಮನೆಯಲ್ಲೂ ಒಂದು ಕಂಪ್ಯೂಟರ್ ಇರಬಹುದು. ಇವತ್ತು ಮಧ್ಯಾಹ್ನ ಬಟ್ಟೆ ಸರಿಸಿ, ಗುಂಡಿ ಒತ್ತಿ ನೋಡಿ. ಕೆಟ್ಟುಹೋಗಲ್ಲ, ಧೈರ್ಯವಾಗಿರಿ!